ಬೇಡದ ಗೇಮ್ ನೋಟಿಫಿಕೇಷನ್‌ಗಳನ್ನು ನಿಲ್ಲಿಸುವುದು ಹೇಗೆ? ಪದೇ ಪದೇ ಕೇಳುವ ಪ್ರಶ್ನೆಗಳು

ಉಡುಪಿ ಮತ್ತು ಮಂಗಳೂರಿನ ಪಾಲಕರ ಸಭೆಗಳಲ್ಲಿ, ನೆಂಟರ ಮನೆಗಳಲ್ಲಿ, ವಾಟ್ಸಾಪ್‌ಗೆ ಬರುವ ಸಂದೇಶಗಳಲ್ಲಿ ಮತ್ತೆ ಮತ್ತೆ ಎದುರಾದ ಪ್ರಶ್ನೆಗಳನ್ನು ಇಲ್ಲಿ ಒಂದೆಡೆ ಸೇರಿಸಿದ್ದೇನೆ. ಪ್ರಶ್ನೆಗಳನ್ನು ಆದಷ್ಟೂ ಕೇಳಿದವರ ಮಾತಿನಲ್ಲಿಯೇ ಉಳಿಸಿಕೊಂಡಿದ್ದೇನೆ. ಗೇಮ್‌ಗಳ ಕಿರಿಕಿರಿ ಹೆಚ್ಚಾದಾಗ ಹೆಚ್ಚಿನವರು ಇಡೀ ಫೋನನ್ನೇ ಸೈಲೆಂಟ್‌ಗೆ ಹಾಕಿಬಿಡುತ್ತಾರೆ. ಆಗ ಶಾಲೆಯ ಸಂದೇಶ, ಬ್ಯಾಂಕಿನ ಓಟಿಪಿ, ಮನೆಯವರ ಕರೆ ಎಲ್ಲವೂ ಅದರೊಂದಿಗೆ ಮುಳುಗಿಹೋಗುತ್ತವೆ. ಕಳುಹಿಸುತ್ತಿರುವ ಆಪ್ ಯಾವುದೆಂದು ಮೊದಲು ಪತ್ತೆ ಹಚ್ಚಿ, ಅದೊಂದನ್ನು ಮಾತ್ರ ನಿಲ್ಲಿಸುವುದೇ ಸರಿಯಾದ ದಾರಿ. ಕೆಳಗಿನ ಉತ್ತರಗಳೆಲ್ಲ ಈ ಕ್ರಮವನ್ನೇ ಅನುಸರಿಸುತ್ತವೆ.

ಮೆನುಗಳ ಹೆಸರು ಕಂಪನಿಯಿಂದ ಕಂಪನಿಗೆ ಸ್ವಲ್ಪ ಬದಲಾಗುತ್ತದೆ. ಫೋನಿನ ಭಾಷೆ ಕನ್ನಡವಾಗಿದ್ದರೆ ನೋಟಿಫಿಕೇಷನ್ಸ್ ಎಂಬಲ್ಲಿ ‘ಅಧಿಸೂಚನೆಗಳು’ ಎಂದಿರುತ್ತದೆ. ಹೇಳಿದ ಜಾಗದಲ್ಲಿ ಮೆನು ಸಿಗದಿದ್ದರೆ ಸೆಟ್ಟಿಂಗ್ಸ್‌ನ ಮೇಲ್ಭಾಗದ ಹುಡುಕುವ ಪೆಟ್ಟಿಗೆಯಲ್ಲಿ ಆ ಪದವನ್ನು ಬರೆದು ನೋಡಿ.

## ಮೊದಲ ಹೆಜ್ಜೆಗಳು

ಟಿಂಗ್ ಟಿಂಗ್ ಅಂತ ಬರ್ತಾನೇ ಉಂಟು, ಯಾವ ಗೇಮಿನದ್ದು ಅಂತಲೇ ಗೊತ್ತಾಗುವುದಿಲ್ಲ. ಎಲ್ಲಿಂದ ಶುರು ಮಾಡುವುದು?

ನೋಟಿಫಿಕೇಷನ್ ಬಂದಾಗ ಅದನ್ನು ಬದಿಗೆ ಸರಿಸಿ ಅಳಿಸಬೇಡಿ, ತೆರೆಯಲೂ ಬೇಡಿ. ಪರದೆಯ ಮೇಲ್ಭಾಗದಿಂದ ಪಟ್ಟಿಯನ್ನು ಕೆಳಗೆಳೆದು, ಆ ನೋಟಿಫಿಕೇಷನ್‌ನ ಮೇಲೆ ಬೆರಳನ್ನು ಒತ್ತಿ ಹಿಡಿಯಿರಿ. ಆಂಡ್ರಾಯ್ಡ್ ಫೋನುಗಳಲ್ಲಿ ಆಗ ಒಂದು ಸಣ್ಣ ಫಲಕ ತೆರೆದುಕೊಳ್ಳುತ್ತದೆ. ಅದರ ಮೇಲ್ಗಡೆ ಆಪ್‌ನ ಹೆಸರು ಮತ್ತು ಚಿಹ್ನೆ ಇರುತ್ತವೆ. ಸಾಮಾನ್ಯವಾಗಿ ‘ಡಿಫಾಲ್ಟ್’ ಮತ್ತು ‘ಸೈಲೆಂಟ್’ ಎಂಬ ಎರಡು ಆಯ್ಕೆಗಳಿದ್ದು, ಕೆಳಗೆ ‘ಟರ್ನ್ ಆಫ್ ನೋಟಿಫಿಕೇಷನ್ಸ್’ ಎಂದಿರುತ್ತದೆ. ಕೆಲವು ಕಂಪನಿಗಳ ಫೋನಿನಲ್ಲಿ ಗಿಯರ್ ಚಿಹ್ನೆ ಮಾತ್ರ ಕಾಣುತ್ತದೆ, ಅದನ್ನು ಒತ್ತಿದರೆ ಇದೇ ಪುಟಕ್ಕೆ ಹೋಗಬಹುದು. ಹೆಸರನ್ನು ಓದಿಕೊಂಡ ಮೇಲೆಯೇ ಆಫ್ ಮಾಡಿ, ಏಕೆಂದರೆ ಗೇಮ್‌ನ ಚಿತ್ರ ಹೊತ್ತು ಬಂದದ್ದೆಲ್ಲ ಗೇಮ್ ಆಪ್‌ನಿಂದಲೇ ಬಂದಿರುವುದಿಲ್ಲ. ಅದು ಬ್ರೌಸರ್‌ನದ್ದೋ, ಆಪ್ ಸ್ಟೋರ್‌ನದ್ದೋ, ಫೋನ್ ಕಂಪನಿಯದ್ದೋ ಆಗಿರಬಹುದು.

ಅಭ್ಯಾಸಬಲದಿಂದ ಅಳಿಸಿಯೇ ಬಿಟ್ಟಿದ್ದರೆ ನೋಟಿಫಿಕೇಷನ್ ಹಿಸ್ಟರಿ ನೆರವಿಗೆ ಬರುತ್ತದೆ. ಆಂಡ್ರಾಯ್ಡ್ 11ರಿಂದ ಈ ಸೌಲಭ್ಯವಿದ್ದು, ಸೆಟ್ಟಿಂಗ್ಸ್‌ನ ನೋಟಿಫಿಕೇಷನ್ಸ್ ಪುಟದಲ್ಲಿ ಸಿಗುತ್ತದೆ. ಹಿಂದಿನ 24 ಗಂಟೆಗಳಲ್ಲಿ ಬಂದದ್ದನ್ನು ಆಪ್‌ನ ಹೆಸರಿನೊಂದಿಗೆ ಅದು ತೋರಿಸುತ್ತದೆ. ಆದರೆ ಮೊದಲೇ ಆನ್ ಮಾಡಿಟ್ಟಿರಬೇಕು. ಆದ್ದರಿಂದ ಈಗಲೇ ಆನ್ ಮಾಡಿ, ಒಂದು ದಿನ ಬಿಟ್ಟು ನೋಡಿದರೆ ರಾತ್ರಿ ನಿದ್ದೆ ಕೆಡಿಸಿದ ಆಪ್ ಯಾವುದೆಂದು ತಿಳಿಯುತ್ತದೆ.

ಐಫೋನ್, ಐಪ್ಯಾಡ್‌ನಲ್ಲಿ ಹೇಗೆ ಆಫ್ ಮಾಡುವುದು?

ನೋಟಿಫಿಕೇಷನ್ ಅನ್ನು ಎಡಕ್ಕೆ ಸ್ವಲ್ಪ ಸರಿಸಿದರೆ ‘ಆಪ್ಶನ್ಸ್’ ಕಾಣುತ್ತದೆ. ಅದರಲ್ಲಿ ಒಂದು ಗಂಟೆ ಸುಮ್ಮನಿರಿಸುವುದು, ಆ ದಿನದ ಮಟ್ಟಿಗೆ ಸುಮ್ಮನಿರಿಸುವುದು, ಪೂರ್ತಿ ಆಫ್ ಮಾಡುವುದು ಎಂಬ ಆಯ್ಕೆಗಳಿವೆ. ಇಲ್ಲವಾದರೆ ಸೆಟ್ಟಿಂಗ್ಸ್‌ನಲ್ಲಿ ನೋಟಿಫಿಕೇಷನ್ಸ್‌ಗೆ ಹೋಗಿ, ಪಟ್ಟಿಯಲ್ಲಿ ಗೇಮ್‌ನ ಹೆಸರನ್ನು ಒತ್ತಿ, ‘ಅಲೌ ನೋಟಿಫಿಕೇಷನ್ಸ್’ ಎಂಬುದನ್ನು ಆಫ್ ಮಾಡಿ. ಗೇಮ್ ಸೆಂಟರ್ ಬಳಸುವವರಿಗೆ ಗೆಳೆಯರ ಕೋರಿಕೆಗಳೂ ಬರುತ್ತಿರುತ್ತವೆ. ಅವುಗಳ ಆಯ್ಕೆ ಸೆಟ್ಟಿಂಗ್ಸ್‌ನ ಗೇಮ್ ಸೆಂಟರ್ ಪುಟದಲ್ಲಿಯೇ ಪ್ರತ್ಯೇಕವಾಗಿದೆ.

ಮಕ್ಕಳ ಟ್ಯಾಬಿನಲ್ಲಿ ಹತ್ತು ಹದಿನೈದು ಗೇಮ್ ಉಂಟು. ಒಂದೊಂದೇ ಬರುವವರೆಗೆ ಕಾಯಬೇಕಾ?

ಕಾಯಬೇಕಾಗಿಲ್ಲ. ಸೆಟ್ಟಿಂಗ್ಸ್, ನೋಟಿಫಿಕೇಷನ್ಸ್, ಆಪ್ ನೋಟಿಫಿಕೇಷನ್ಸ್ ಎಂಬ ದಾರಿಯಲ್ಲಿ ಹೋದರೆ ಎಲ್ಲ ಆಪ್‌ಗಳ ಪಟ್ಟಿ ಒಂದೇ ಪುಟದಲ್ಲಿ, ಪ್ರತಿಯೊಂದರ ಮುಂದೆ ಒಂದು ಸ್ವಿಚ್‌ನೊಂದಿಗೆ ಸಿಗುತ್ತದೆ. ಹಲವು ಫೋನುಗಳಲ್ಲಿ ಈ ಪಟ್ಟಿಯನ್ನು ಇತ್ತೀಚೆಗೆ ಕಳುಹಿಸಿದವು, ಅತಿ ಹೆಚ್ಚು ಕಳುಹಿಸಿದವು ಎಂಬ ಕ್ರಮದಲ್ಲಿಯೂ ನೋಡಬಹುದು. ಸೆಟ್ಟಿಂಗ್ಸ್‌ನಲ್ಲಿ ಫೋನ್ ಬಳಕೆಯ ಲೆಕ್ಕ ಇಡುವ ಡಿಜಿಟಲ್ ವೆಲ್‌ಬೀಯಿಂಗ್‌ನಲ್ಲಿ, ಐಪ್ಯಾಡ್ ಆದರೆ ಸ್ಕ್ರೀನ್ ಟೈಮ್‌ನಲ್ಲಿ, ಯಾವ ಆಪ್‌ನಿಂದ ದಿನಕ್ಕೆ ಎಷ್ಟು ನೋಟಿಫಿಕೇಷನ್ ಬಂದಿತೆಂಬ ಲೆಕ್ಕವೂ ಇರುತ್ತದೆ. ಆ ಲೆಕ್ಕವನ್ನು ಮಗುವಿನ ಜೊತೆ ಕುಳಿತು ನೋಡುವುದು ಒಳ್ಳೆಯದು. ತಾನು ಮರೆತೇಬಿಟ್ಟಿದ್ದ ಗೇಮ್ ತನ್ನನ್ನು ದಿನಕ್ಕೆ ಎಷ್ಟು ಸಲ ಕರೆಯುತ್ತಿದೆ ಎಂಬುದನ್ನು ಕಣ್ಣಾರೆ ಕಂಡ ಮಗು, ಆ ಸ್ವಿಚ್ಚನ್ನು ಹೆಚ್ಚಾಗಿ ತಾನೇ ಆಫ್ ಮಾಡುತ್ತದೆ.

ಈ ಗೇಮ್‌ನವರು ಇಷ್ಟೆಲ್ಲ ಕಳುಹಿಸುವುದು ಯಾಕೆ? ನಾವು ಒಪ್ಪಿಗೆ ಕೊಟ್ಟದ್ದು ಯಾವಾಗ?

ಉಚಿತ ಗೇಮ್‌ಗಳ ಗಳಿಕೆ ಇರುವುದು ಜಾಹೀರಾತಿನಲ್ಲಿ ಮತ್ತು ಗೇಮ್‌ನ ಒಳಗಿನ ಖರೀದಿಯಲ್ಲಿ. ಆಡುವವರು ಮರಳಿ ಬಂದರೆ ಮಾತ್ರ ಆ ಗಳಿಕೆ ಸಾಧ್ಯ. ಹಾಗಾಗಿ ಮರಳಿ ಕರೆಯಲು ಒಂದಿಲ್ಲೊಂದು ಕಾರಣವನ್ನು ಆಟದ ಒಳಗೇ ಹೆಣೆದಿರುತ್ತಾರೆ. ಕ್ಯಾಂಡಿ ಕ್ರಷ್ ಸಾಗಾದಲ್ಲಿ ಐದು ಜೀವಗಳಿದ್ದು, ಕಳೆದುಹೋದ ಒಂದು ಜೀವ ಮರಳಲು 30 ನಿಮಿಷ ಬೇಕು. ಕ್ಲಾಶ್ ಆಫ್ ಕ್ಲ್ಯಾನ್ಸ್‌ನಲ್ಲಿ ಕಟ್ಟಡ ಏಳಲು ಗಂಟೆಗಳು, ಕೆಲವೊಮ್ಮೆ ದಿನಗಳು ಬೇಕು. ಕಾಯುವ ಅವಧಿ ಮುಗಿಯಿತೆಂದು ಹೇಳುವ ನೆಪದಲ್ಲಿ ನೋಟಿಫಿಕೇಷನ್ ಬರುತ್ತದೆ. ದಿನದ ಬಹುಮಾನ, ತಪ್ಪದೆ ಆಡಿದ ದಿನಗಳ ಸರಣಿ, ಹಬ್ಬದ ವಿಶೇಷ ಸ್ಪರ್ಧೆ ಇವೆಲ್ಲವೂ ಇದೇ ಬಗೆಯವು.

ಒಪ್ಪಿಗೆಯ ವಿಷಯ ಹೀಗಿದೆ. ಐಫೋನ್ ಮತ್ತು ಐಪ್ಯಾಡ್‌ಗಳಲ್ಲಿ ಆಪ್ ಮೊದಲು ಅನುಮತಿ ಕೇಳಲೇಬೇಕು. ಆಂಡ್ರಾಯ್ಡ್‌ನಲ್ಲಿ ಈ ನಿಯಮ ಬಂದದ್ದು 2022ರ ಆಂಡ್ರಾಯ್ಡ್ 13ರಿಂದ. ಅದಕ್ಕಿಂತ ಹಳೆಯ ಆವೃತ್ತಿಗಳಲ್ಲಿ ಆಪ್ ಹಾಕಿಕೊಂಡ ಕೂಡಲೇ ನೋಟಿಫಿಕೇಷನ್ ತಾನಾಗಿ ಆನ್ ಆಗಿರುತ್ತಿತ್ತು. ಹಳೆಯ ಆವೃತ್ತಿಯಿಂದ 13ಕ್ಕೆ ಬಂದ ಫೋನಿನಲ್ಲಿಯೂ ಮೊದಲೇ ಇದ್ದ ಗೇಮ್‌ಗಳಿಗೆ ಆ ಅನುಮತಿ ಮುಂದುವರಿದಿರುತ್ತದೆ. ನೀವು ಎಂದೂ ಒಪ್ಪಿಗೆ ಕೊಟ್ಟ ನೆನಪಿಲ್ಲದಿದ್ದರೆ ಕಾರಣ ಬಹುಶಃ ಇದೇ. ಇನ್ನು ಮುಂದೆ ಹೊಸ ಗೇಮ್ ಹಾಕುವಾಗ ಪರದೆಯ ನಡುವೆ ಅನುಮತಿಯ ಪೆಟ್ಟಿಗೆ ಬಂದರೆ ‘ಡೋಂಟ್ ಅಲೌ’ ಎಂದು ಒತ್ತಿ. ಗೇಮ್ ಆಡಲು ಆ ಅನುಮತಿ ಬೇಕಾಗಿಯೇ ಇಲ್ಲ.

ಸೈಲೆಂಟ್ ಮಾಡುವುದಕ್ಕೂ ಆಫ್ ಮಾಡುವುದಕ್ಕೂ ಎಂತ ವ್ಯತ್ಯಾಸ?

ಸೈಲೆಂಟ್ ಮಾಡಿದರೆ ಸದ್ದು ಮತ್ತು ಕಂಪನ ನಿಲ್ಲುತ್ತವೆ, ಸಂದೇಶ ಮಾತ್ರ ಪಟ್ಟಿಯ ತಳದಲ್ಲಿ ಬಂದು ಕೂರುತ್ತದೆ. ಆಫ್ ಮಾಡಿದರೆ ಬರುವುದೇ ಇಲ್ಲ. ಆಪ್‌ನ ಚಿಹ್ನೆಯ ಮೂಲೆಯಲ್ಲಿ ಕಾಣುವ ಕೆಂಪು ಚುಕ್ಕೆ ಅಥವಾ ಸಂಖ್ಯೆಯೂ ನೋಟಿಫಿಕೇಷನ್‌ನ ಭಾಗವೇ. ಐಫೋನ್‌ನಲ್ಲಿ ಅದಕ್ಕೆ ‘ಬ್ಯಾಡ್ಜಸ್’ ಎಂಬ ಬೇರೆ ಸ್ವಿಚ್ ಇದೆ. ಗೇಮ್‌ಗಳ ಮಟ್ಟಿಗೆ ಪೂರ್ತಿ ಆಫ್ ಮಾಡುವುದೇ ಮೇಲು ಎಂಬುದು ನನ್ನ ಅಭಿಪ್ರಾಯ. ಸದ್ದಿಲ್ಲದೆ ಬಂದದ್ದೂ ಮಗುವಿನ ಕಣ್ಣಿಗೆ ಬೀಳುತ್ತದೆ.

## ಆಫ್ ಮಾಡಿದ ಮೇಲೂ ಬರುವವು

ನೆಟ್ ಆಫ್ ಮಾಡಿಟ್ಟರೂ ಗೇಮ್‌ನ ಮೆಸೇಜ್ ಬರ್ತದೆ. ಅದು ಹೇಗೆ ಸಾಧ್ಯ?

ನೋಟಿಫಿಕೇಷನ್‌ಗಳಲ್ಲಿ ಎರಡು ಬಗೆ. ಒಂದು, ಗೇಮ್ ಕಂಪನಿಯ ಸರ್ವರ್‌ನಿಂದ ಗೂಗಲ್ ಅಥವಾ ಆಪಲ್‌ನ ವ್ಯವಸ್ಥೆಯ ಮೂಲಕ ಬರುವುದು. ಅದಕ್ಕೆ ಇಂಟರ್‌ನೆಟ್ ಬೇಕು. ಇನ್ನೊಂದು, ಗೇಮ್ ಮುಚ್ಚುವ ಹೊತ್ತಿಗೆ ಫೋನಿನ ಒಳಗೇ ಸಮಯ ಗೊತ್ತುಮಾಡಿ ಇಟ್ಟಿರುವುದು. ಜೀವಗಳು ತುಂಬಿವೆ, ಬಹುಮಾನ ಸಿದ್ಧವಿದೆ ಎಂಬಂಥವುಗಳಲ್ಲಿ ಅನೇಕವು ಈ ಎರಡನೆಯ ಬಗೆಯವು. ಇವಕ್ಕೆ ಇಂಟರ್‌ನೆಟ್‌ನ ಹಂಗಿಲ್ಲ. ಆದ್ದರಿಂದ ಮೊಬೈಲ್ ಡೇಟಾ ಆಫ್ ಮಾಡುವುದು, ವೈಫೈ ತೆಗೆಯುವುದು ಇದಕ್ಕೆ ಪರಿಹಾರವಲ್ಲ. ಅನುಮತಿಯ ಸ್ವಿಚ್ ಆಫ್ ಮಾಡಿದರೆ ಎರಡೂ ಬಗೆಯವು ನಿಲ್ಲುತ್ತವೆ.

ಗೇಮ್ ಡಿಲೀಟ್ ಮಾಡಿ ಎಷ್ಟೋ ದಿನ ಆಯಿತು. ಆದರೂ ರಮ್ಮಿ, ಲಕ್ಕಿ ಸ್ಪಿನ್ ಅಂತ ಬರ್ತಾ ಉಂಟು. ಫೋನಿಗೆ ವೈರಸ್ ಬಂತಾ?

ಹೆಚ್ಚಿನ ಸಂದರ್ಭಗಳಲ್ಲಿ ಇದು ವೈರಸ್ ಅಲ್ಲ, ಬ್ರೌಸರ್‌ಗೆ ಹಿಂದೆ ಯಾವಾಗಲೋ ಕೊಟ್ಟ ಅನುಮತಿ. ಸಿನಿಮಾ, ಕ್ರಿಕೆಟ್ ಸ್ಕೋರ್ ಅಥವಾ ಪರೀಕ್ಷಾ ಫಲಿತಾಂಶ ಹುಡುಕುತ್ತಾ ಯಾವುದೋ ಪುಟಕ್ಕೆ ಹೋದಾಗ, ‘ಮುಂದುವರಿಯಲು ಅಲೌ ಒತ್ತಿ’ ಎಂದು ಕೇಳಿದ್ದಕ್ಕೆ ಒತ್ತಿರುತ್ತೇವೆ. ಆ ಕ್ಷಣದಿಂದ ಆ ಪುಟದವರು ಬ್ರೌಸರ್ ಮೂಲಕ ನೋಟಿಫಿಕೇಷನ್ ಕಳುಹಿಸಬಲ್ಲರು. ಒತ್ತಿ ಹಿಡಿದು ನೋಡಿದರೆ ಅಲ್ಲಿ ಯಾವ ಗೇಮ್‌ನ ಹೆಸರೂ ಇರದೆ ಕ್ರೋಮ್‌ನ ಚಿಹ್ನೆ ಮತ್ತು ಒಂದು ಅಪರಿಚಿತ ವಿಳಾಸ ಇರುತ್ತವೆ. ಹಾಗಿದ್ದರೆ ಕಾರಣ ಇದೇ.

ಕ್ರೋಮ್ ತೆರೆದು, ಮೇಲಿನ ಮೂರು ಚುಕ್ಕೆಗಳನ್ನು ಒತ್ತಿ, ಸೆಟ್ಟಿಂಗ್ಸ್‌ನಲ್ಲಿ ‘ಸೈಟ್ ಸೆಟ್ಟಿಂಗ್ಸ್’, ಅದರೊಳಗೆ ‘ನೋಟಿಫಿಕೇಷನ್ಸ್’ ನೋಡಿ. ಅನುಮತಿ ಪಡೆದ ಪುಟಗಳ ಪಟ್ಟಿ ಅಲ್ಲಿರುತ್ತದೆ. ಗುರುತಿಲ್ಲದ ಪ್ರತಿಯೊಂದನ್ನೂ ತೆರೆದು ಬ್ಲಾಕ್ ಮಾಡಿ. ಕ್ರೋಮ್‌ನ ಹೊಸ ಆವೃತ್ತಿಗಳಲ್ಲಿ ನೋಟಿಫಿಕೇಷನ್‌ನ ಅಡಿಯಲ್ಲಿಯೇ ‘ಅನ್‌ಸಬ್‌ಸ್ಕ್ರೈಬ್’ ಗುಂಡಿ ಬರುತ್ತದೆ, ಅದನ್ನೊತ್ತಿದರೂ ಸಾಕು. ಯಾವ ವೆಬ್ ಪುಟದ ನೋಟಿಫಿಕೇಷನ್ ಕೂಡ ನಿಮಗೆ ಬೇಡವೆಂದಾದರೆ, ಕ್ರೋಮ್‌ನ ಆ ನೋಟಿಫಿಕೇಷನ್ಸ್ ಪಟ್ಟಿಯ ಮೇಲಿರುವ ಸ್ವಿಚ್ಚನ್ನು ಆಫ್ ಮಾಡಿಬಿಡಿ, ಆಗ ಹೊಸ ಪುಟಗಳು ಕೇಳುವುದೂ ನಿಲ್ಲುತ್ತದೆ. ನಾನು ನೋಡಿಕೊಟ್ಟ ಫೋನುಗಳಲ್ಲಿ, ವಿಶೇಷವಾಗಿ ಹಿರಿಯರ ಫೋನುಗಳಲ್ಲಿ, ತೊಂದರೆಯ ಮೂಲ ಹೆಚ್ಚಾಗಿ ಇಲ್ಲಿಯೇ ಸಿಕ್ಕಿದೆ. ನೂರು ಕಡೆ ಹುಡುಕುವ ಮೊದಲು ಈ ಒಂದು ಪಟ್ಟಿಯನ್ನು ನೋಡಿ ಎಂದು ಒತ್ತಿ ಹೇಳುತ್ತೇನೆ.

ಫೋನಿನಲ್ಲಿ ಆಫ್ ಮಾಡಿದೆ, ಟ್ಯಾಬಿನಲ್ಲಿ ಮತ್ತೆ ಅದೇ ಬರ್ತದೆ!

ನೋಟಿಫಿಕೇಷನ್‌ನ ಸ್ವಿಚ್ ಇರುವುದು ಆಯಾ ಸಾಧನದಲ್ಲಿ, ಗೂಗಲ್ ಅಥವಾ ಆಪಲ್ ಖಾತೆಯಲ್ಲಿ ಅಲ್ಲ. ಒಂದೇ ಖಾತೆ ಬಳಸಿದರೂ ಎರಡೂ ಕಡೆ ಬೇರೆ ಬೇರೆಯಾಗಿ ಆಫ್ ಮಾಡಬೇಕು.

ಯಾವ ಗೇಮೂ ಇಲ್ಲ, ಆದರೂ ‘ಈ ಗೇಮ್ ಆಡಿ ನೋಡಿ’ ಅಂತ ಫೋನೇ ಹೇಳ್ತದೆ. ಇದನ್ನು ತೆಗೆಯಲಿಕ್ಕೆ ಆಗ್ತದಾ?

ಅನೇಕ ಫೋನುಗಳಲ್ಲಿ ಪ್ಲೇ ಸ್ಟೋರ್ ಅಲ್ಲದೆ ಕಂಪನಿಯ ಸ್ವಂತ ಆಪ್ ಸ್ಟೋರ್ ಕೂಡ ಮೊದಲೇ ಇರುತ್ತದೆ. ಸ್ಯಾಮ್‌ಸಂಗ್‌ನಲ್ಲಿ ಗ್ಯಾಲಕ್ಸಿ ಸ್ಟೋರ್, ಶಿಯೋಮಿ ಮತ್ತು ರೆಡ್ಮಿಯಲ್ಲಿ ಗೆಟ್‌ಆಪ್ಸ್ ಅಥವಾ ಇತ್ತೀಚೆಗೆ ಅದರ ಜಾಗಕ್ಕೆ ಬಂದ ಇಂಡಸ್ ಆಪ್‌ಸ್ಟೋರ್, ವಿವೋದಲ್ಲಿ ವಿ ಆಪ್‌ಸ್ಟೋರ್, ಒಪ್ಪೊ ಮತ್ತು ರಿಯಲ್‌ಮಿಯಲ್ಲಿ ಆಪ್ ಮಾರ್ಕೆಟ್. ಹೊಸ ಗೇಮ್‌ಗಳ ಶಿಫಾರಸು ಇವುಗಳಿಂದ ಬರುತ್ತದೆ. ಇವನ್ನು ಪೂರ್ತಿ ತೆಗೆಯಲು ಸಾಮಾನ್ಯವಾಗಿ ಬಿಡುವುದಿಲ್ಲ, ಆದರೆ ಇವುಗಳ ನೋಟಿಫಿಕೇಷನ್ ಅನ್ನು ಬೇರೆ ಆಪ್‌ಗಳಂತೆಯೇ ಆಫ್ ಮಾಡಬಹುದು. ಸ್ಟೋರ್ ಅನ್ನು ಒಮ್ಮೆ ತೆರೆದು, ಅದರೊಳಗಿನ ಸೆಟ್ಟಿಂಗ್ಸ್‌ನಲ್ಲಿ ಶಿಫಾರಸು ಮತ್ತು ಮಾರ್ಕೆಟಿಂಗ್ ಮಾಹಿತಿಗೆ ಕೊಟ್ಟ ಒಪ್ಪಿಗೆಯನ್ನೂ ಹಿಂದೆಗೆದುಕೊಳ್ಳಿ. ಹೋಮ್ ಸ್ಕ್ರೀನ್‌ನ ಫೋಲ್ಡರ್‌ಗಳಲ್ಲಿ ‘ಹಾಟ್ ಗೇಮ್ಸ್’ ಎಂದು ಬರುವ ಚಿಹ್ನೆಗಳು ನೋಟಿಫಿಕೇಷನ್ ಅಲ್ಲ. ಆ ಫೋಲ್ಡರ್ ತೆರೆದು ಅದರ ಶಿಫಾರಸಿನ ಆಯ್ಕೆಯನ್ನು ಆಫ್ ಮಾಡಬೇಕು. ಪ್ಲೇ ಸ್ಟೋರ್‌ನ ಸೆಟ್ಟಿಂಗ್ಸ್‌ನಲ್ಲಿಯೂ ನೋಟಿಫಿಕೇಷನ್ಸ್ ಎಂಬ ವಿಭಾಗವಿದೆ, ಅಲ್ಲಿ ಆಫರ್‌ಗಳನ್ನು ನಿಲ್ಲಿಸಬಹುದು.

ಫೋನ್ ಲಾಕ್ ಆಗಿರುವಾಗಲೇ ಗೇಮ್‌ನ ಚಿತ್ರ, ವಿಡಿಯೋ ಎಲ್ಲ ಕಾಣ್ತದೆ. ನೋಟಿಫಿಕೇಷನ್ ಎಲ್ಲ ಆಫ್ ಉಂಟು.

ಅದು ಲಾಕ್ ಸ್ಕ್ರೀನ್‌ನ ಸೇವೆ. ಭಾರತದಲ್ಲಿ ಮಾರಾಟವಾಗುವ ಹಲವು ಆಂಡ್ರಾಯ್ಡ್ ಫೋನುಗಳಲ್ಲಿ ‘ಗ್ಲಾನ್ಸ್’ ಎಂಬ ಸೇವೆ ಇದ್ದು, ಸುದ್ದಿ, ಗೇಮ್, ವಿಡಿಯೋಗಳನ್ನು ಲಾಕ್ ಸ್ಕ್ರೀನ್‌ನಲ್ಲಿಯೇ ತೋರಿಸುತ್ತದೆ. ಸೆಟ್ಟಿಂಗ್ಸ್‌ನಲ್ಲಿ ಲಾಕ್ ಸ್ಕ್ರೀನ್ ಅಥವಾ ವಾಲ್‌ಪೇಪರ್ ವಿಭಾಗಕ್ಕೆ ಹೋಗಿ, ಅಲ್ಲಿ ಗ್ಲಾನ್ಸ್, ವಾಲ್‌ಪೇಪರ್ ಕರೌಸಲ್, ಡೈನಾಮಿಕ್ ಲಾಕ್ ಸ್ಕ್ರೀನ್ ಈ ಹೆಸರುಗಳಲ್ಲಿ ಯಾವುದು ಕಂಡರೂ ಆಫ್ ಮಾಡಿ, ನಿಮ್ಮ ಸ್ವಂತ ಚಿತ್ರವೊಂದನ್ನು ವಾಲ್‌ಪೇಪರ್ ಆಗಿ ಇಟ್ಟುಕೊಳ್ಳಿ.

ಬೇರೆ ಕೆಲಸ ಮಾಡ್ತಾ ಇರುವಾಗ ಇಡೀ ಪರದೆ ತುಂಬ ಗೇಮ್‌ನ ಜಾಹೀರಾತು ಬಂದು ಬೀಳ್ತದೆ. ಇದು ಯಾವುದು ಮಾರಾಯ್ರೇ?

ಇದು ನೋಟಿಫಿಕೇಷನ್ ಅಲ್ಲವಾದ್ದರಿಂದ ನೋಟಿಫಿಕೇಷನ್ ಸ್ವಿಚ್‌ಗೆ ಬಗ್ಗುವುದಿಲ್ಲ. ಯಾವುದೋ ಆಪ್, ಬೇರೆ ಆಪ್‌ಗಳ ಮೇಲೆ ಕಾಣಿಸಿಕೊಳ್ಳುವ ಅನುಮತಿಯನ್ನು ಪಡೆದುಕೊಂಡು ಹೀಗೆ ಮಾಡುತ್ತಿರುತ್ತದೆ. ಟಾರ್ಚ್, ಕ್ಯೂಆರ್ ಸ್ಕ್ಯಾನರ್, ಫೋನ್ ಕ್ಲೀನರ್‌ನಂಥ ಸಣ್ಣ ಆಪ್‌ಗಳನ್ನು ಮೊದಲು ಸಂಶಯಿಸಿ. ಜಾಹೀರಾತು ಪರದೆಯ ಮೇಲಿರುವಾಗಲೇ ರೀಸೆಂಟ್ಸ್ ಗುಂಡಿಯನ್ನು ಒತ್ತಿದರೆ ಅಥವಾ ಕೆಳಗಿನಿಂದ ಮೇಲಕ್ಕೆ ಎಳೆದು ಹಿಡಿದರೆ, ಅದನ್ನು ತೋರಿಸುತ್ತಿರುವ ಆಪ್‌ನ ಚಿಹ್ನೆ ಕಾಣುತ್ತದೆ. ಸೆಟ್ಟಿಂಗ್ಸ್, ಆಪ್ಸ್, ಸ್ಪೆಷಲ್ ಆಪ್ ಆಕ್ಸೆಸ್ ಎಂಬ ದಾರಿಯಲ್ಲಿ ‘ಡಿಸ್‌ಪ್ಲೇ ಓವರ್ ಅದರ್ ಆಪ್ಸ್’ ಪಟ್ಟಿಯನ್ನು ತೆರೆದು, ಅನಗತ್ಯವಾದವುಗಳ ಅನುಮತಿ ತೆಗೆಯಿರಿ. ಸ್ಯಾಮ್‌ಸಂಗ್‌ನಲ್ಲಿ ಇದರ ಹೆಸರು ‘ಅಪಿಯರ್ ಆನ್ ಟಾಪ್’. ಸಂಶಯ ಖಚಿತವಾದರೆ ಆ ಆಪ್ ಅನ್ನೇ ತೆಗೆದುಹಾಕಿ.

ಜಾಹೀರಾತಿನ ಕಾಟದಿಂದ ತೆಗೆದುಹಾಕಲೂ ಆಗದಂತಿದ್ದರೆ ಫೋನನ್ನು ಸೇಫ್ ಮೋಡ್‌ನಲ್ಲಿ ಶುರು ಮಾಡಿ. ಪವರ್ ಮೆನುವಿನಲ್ಲಿ ‘ಪವರ್ ಆಫ್’ ಎಂಬುದನ್ನು ಒತ್ತಿ ಹಿಡಿದರೆ ಹಲವು ಫೋನುಗಳಲ್ಲಿ ಈ ಆಯ್ಕೆ ಬರುತ್ತದೆ. ಆಗ ನಾವು ಹಾಕಿಕೊಂಡ ಆಪ್‌ಗಳು ಯಾವುವೂ ಓಡುವುದಿಲ್ಲ, ನೆಮ್ಮದಿಯಿಂದ ತೆಗೆಯಬಹುದು. ಬಳಿಕ ಫೋನನ್ನು ರೀಸ್ಟಾರ್ಟ್ ಮಾಡಿದರೆ ಮೊದಲಿನಂತಾಗುತ್ತದೆ.

ಗೆಳೆಯ ಲೂಡೋ ಆಡಲು ಕರೆದರೆ ಗೊತ್ತಾಗಬೇಕು, ಆಫರ್ ಮಾತ್ರ ಬೇಡ. ಹಾಗೆ ಬೇರೆ ಬೇರೆ ಮಾಡಬಹುದಾ?

ಗೇಮ್ ಮಾಡಿದವರು ಅವಕಾಶ ಕೊಟ್ಟಿದ್ದರೆ ಮಾಡಬಹುದು. 2017ರ ಆಂಡ್ರಾಯ್ಡ್ 8ರಿಂದ ಪ್ರತಿ ಆಪ್ ತನ್ನ ನೋಟಿಫಿಕೇಷನ್‌ಗಳನ್ನು ವಿಭಾಗಗಳಾಗಿ ಒಡೆಯಬೇಕೆಂಬ ಏರ್ಪಾಡು ಇದೆ. ಆಪ್‌ನ ಹೆಸರಿನ ಮುಂದಿರುವ ಸ್ವಿಚ್ ಮನೆಯ ಮೇನ್ ಸ್ವಿಚ್‌ನಂತೆ, ಒಳಗಿನ ವಿಭಾಗಗಳು ಒಂದೊಂದು ಕೋಣೆಯ ಸ್ವಿಚ್‌ನಂತೆ. ಗೇಮ್‌ನ ನೋಟಿಫಿಕೇಷನ್ ಪುಟದಲ್ಲಿ ಕೆಳಗೆ ಸರಿದರೆ ಈ ವಿಭಾಗಗಳು ಕಾಣುತ್ತವೆ. ಸ್ಯಾಮ್‌ಸಂಗ್‌ನ ಇತ್ತೀಚಿನ ಫೋನುಗಳಲ್ಲಿ ಇವು ಮೊದಲಿಗೆ ಮರೆಯಾಗಿರುತ್ತವೆ. ಅಲ್ಲಿ ನೋಟಿಫಿಕೇಷನ್ಸ್‌ನ ‘ಅಡ್ವಾನ್ಸ್‌ಡ್ ಸೆಟ್ಟಿಂಗ್ಸ್’ಗೆ ಹೋಗಿ, ಪ್ರತಿ ಆಪ್‌ನ ವಿಭಾಗಗಳನ್ನು ನಿರ್ವಹಿಸುವ ಆಯ್ಕೆಯನ್ನು ಆನ್ ಮಾಡಿಕೊಳ್ಳಬೇಕು. ಎಷ್ಟೋ ಗೇಮ್‌ಗಳು ಎಲ್ಲವನ್ನೂ ಒಂದೇ ವಿಭಾಗಕ್ಕೆ ತುಂಬಿಬಿಡುತ್ತವೆ. ಅಂಥ ಕಡೆ, ಮತ್ತು ಐಫೋನ್‌ನಲ್ಲಿ, ಗೇಮ್‌ನ ಒಳಗಿನ ಗಿಯರ್ ಚಿಹ್ನೆಯನ್ನು ಒತ್ತಿ ಅಲ್ಲಿ ಆಯ್ಕೆ ಇದೆಯೇ ನೋಡಿ. ಅಲ್ಲಿಯೂ ಇಲ್ಲದಿದ್ದರೆ ಪೂರ್ತಿ ಆಫ್ ಮಾಡಿ, ಗೆಳೆಯನಿಗೆ ಫೋನ್ ಮಾಡಿ ಕರೆಯಲು ಹೇಳಿ.

## ಮನೆ, ಮಕ್ಕಳು, ಪರೀಕ್ಷೆ

ಅಮ್ಮನ ಟ್ಯಾಬಿಗೆ ಡು ನಾಟ್ ಡಿಸ್ಟರ್ಬ್ ಹಾಕಿದೆ. ಈಗ ದುಬೈಯಿಂದ ಅಣ್ಣ ಮಾಡುವ ಕರೆಯೂ ಗೊತ್ತಾಗುವುದಿಲ್ಲ. ಎಂತ ಮಾಡುವುದು?

ಗೇಮ್‌ಗಳಿಗಾಗಿ ಮಾತ್ರ ಡು ನಾಟ್ ಡಿಸ್ಟರ್ಬ್ ಹಾಕಿದ್ದರೆ ಅದನ್ನು ತೆಗೆದು, ಗೇಮ್‌ಗಳನ್ನೇ ಆಫ್ ಮಾಡಿ. ರಾತ್ರಿಯ ನಿದ್ದೆಗೆ ಅದು ಬೇಕೇ ಬೇಕು ಎಂದಾದರೆ ವಿನಾಯಿತಿಗಳನ್ನು ಸರಿಯಾಗಿ ಇಡಬೇಕು. ಆಂಡ್ರಾಯ್ಡ್‌ನ ಡು ನಾಟ್ ಡಿಸ್ಟರ್ಬ್ ಪುಟದಲ್ಲಿ ವ್ಯಕ್ತಿಗಳಿಗೆ ಮತ್ತು ಆಪ್‌ಗಳಿಗೆ ಬೇರೆ ಬೇರೆ ವಿನಾಯಿತಿ ಇದೆ. ನಮ್ಮವರು ಹೆಚ್ಚಾಗಿ ವ್ಯಕ್ತಿಗಳಲ್ಲಿ ಅಣ್ಣನ ನಂಬರ್ ಸೇರಿಸಿ ಅಲ್ಲಿಗೇ ಬಿಡುತ್ತಾರೆ. ಆದರೆ ದುಬೈಯಲ್ಲಿರುವವರು ಬೋಟಿಮ್‌ನಂಥ ಆಪ್‌ನಿಂದ ಕರೆ ಮಾಡುವುದರಿಂದ ನಂಬರ್‌ಗೆ ಕೊಟ್ಟ ವಿನಾಯಿತಿ ಅಲ್ಲಿ ಸಾಕಾಗದೆ ಹೋಗಬಹುದು. ‘ಆಪ್ಸ್’ ವಿಭಾಗದಲ್ಲಿ ಆ ಆಪ್ ಅನ್ನೂ ಸೇರಿಸಿ. ಐಪ್ಯಾಡ್ ಆದರೆ ಫೋಕಸ್ ಪುಟದಲ್ಲಿ ಅನುಮತಿ ಇರುವ ಆಪ್‌ಗಳ ಪಟ್ಟಿಗೆ ಸೇರಿಸಬೇಕು. ಸೇರಿಸಿದ ಮೇಲೆ ಅಣ್ಣನಿಗೆ ಹೇಳಿ ಒಮ್ಮೆ ಕರೆ ಮಾಡಿಸಿ, ಟ್ಯಾಬ್ ರಿಂಗ್ ಆಗುವುದನ್ನು ಕೇಳಿಸಿಕೊಂಡೇ ಅಮ್ಮನ ಕೈಗೆ ಕೊಡಿ. ಊಟ ಮುಗಿಸಿ ಮಗನ ಕರೆಗೆ ಕಾದು ಕೂರುವವರಿಗೆ ಆ ರಿಂಗ್‌ಗಿಂತ ಮುಖ್ಯವಾದದ್ದು ಆ ಟ್ಯಾಬಿನಲ್ಲಿ ಬೇರೇನಿಲ್ಲ.

ಮಗಳಿಗೆ ಎಸ್ಎಸ್ಎಲ್‌ಸಿ. ಗೇಮ್ ತೆಗೆಯುವುದು ಬೇಡ, ಓದುವ ಹೊತ್ತಿಗೆ ಮಾತ್ರ ಬರದ ಹಾಗೆ ಮಾಡಬಹುದಾ?

ಖಂಡಿತ ಮಾಡಬಹುದು. ಆಂಡ್ರಾಯ್ಡ್‌ನ ಡಿಜಿಟಲ್ ವೆಲ್‌ಬೀಯಿಂಗ್‌ನಲ್ಲಿ ‘ಫೋಕಸ್ ಮೋಡ್’ ಇದೆ. ಅದರಲ್ಲಿ ಗೇಮ್‌ಗಳನ್ನು ಆರಿಸಿ, ದಿನ ಮತ್ತು ಸಮಯವನ್ನು ಗೊತ್ತುಮಾಡಿದರೆ, ಆ ಹೊತ್ತಿನಲ್ಲಿ ಅವುಗಳ ಚಿಹ್ನೆ ಬೂದು ಬಣ್ಣಕ್ಕೆ ತಿರುಗುತ್ತದೆ, ತೆರೆಯಲೂ ಆಗುವುದಿಲ್ಲ, ನೋಟಿಫಿಕೇಷನ್ ಕೂಡ ಬರುವುದಿಲ್ಲ. ಐಫೋನ್ ಮತ್ತು ಐಪ್ಯಾಡ್‌ಗಳಲ್ಲಿ 2021ರ ಐಓಎಸ್ 15ರಿಂದ ‘ಫೋಕಸ್’ ಬಂದಿದೆ. ಅದು ಆಪ್‌ಗಳನ್ನು ಮುಚ್ಚುವುದಿಲ್ಲ, ನೋಟಿಫಿಕೇಷನ್‌ಗಳನ್ನು ಮಾತ್ರ ತಡೆಯುತ್ತದೆ. ಅದೇ ಆವೃತ್ತಿಯಲ್ಲಿ ಬಂದ ‘ಶೆಡ್ಯೂಲ್ಡ್ ಸಮ್ಮರಿ’ಯಲ್ಲಿ ಗೇಮ್‌ಗಳನ್ನು ಸೇರಿಸಿದರೆ, ಅವುಗಳ ಸಂದೇಶಗಳೆಲ್ಲ ನೀವು ಹೇಳಿದ ಹೊತ್ತಿಗೆ ಒಟ್ಟಾಗಿ ಬರುತ್ತವೆ.

ಸಮಯವನ್ನು ಗೊತ್ತುಮಾಡುವಾಗ ಮಗಳನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ಅವಳಿಗೆ ತಿಳಿಯದಂತೆ ಹಾಕಿದ ನಿರ್ಬಂಧದಿಂದ ಮನೆಯಲ್ಲಿ ಜಗಳ ಹುಟ್ಟುತ್ತದೆ, ಓದು ಸಾಗುವುದಿಲ್ಲ.

ಮಗ ಪುನಃ ಆನ್ ಮಾಡಿಕೊಳ್ತಾನೆ. ಲಾಕ್ ಮಾಡುವ ಉಪಾಯ ಉಂಟಾ?

ಗೂಗಲ್‌ನ ಫ್ಯಾಮಿಲಿ ಲಿಂಕ್ ಮತ್ತು ಆಪಲ್‌ನ ಸ್ಕ್ರೀನ್ ಟೈಮ್ ಮೂಲಕ ಪಾಲಕರು ತಮ್ಮ ಫೋನಿನಿಂದಲೇ ಮಗುವಿನ ಸಾಧನದಲ್ಲಿ ಗೇಮ್‌ಗೆ ದಿನದ ಮಿತಿ ಹಾಕಬಹುದು, ಮಲಗುವ ಹೊತ್ತಿಗೆ ಸಾಧನ ಮುಚ್ಚುವಂತೆ ಮಾಡಬಹುದು, ಹೊಸ ಆಪ್ ಹಾಕಲು ತಮ್ಮ ಒಪ್ಪಿಗೆ ಬೇಕೆಂದು ಮಾಡಬಹುದು. ಚಿಕ್ಕ ಮಕ್ಕಳಿಗೆ ಇದು ಸರಿ. ಪಿಯುಸಿ ಓದುವ ಹುಡುಗನಿಗೆ ಇದನ್ನೇ ಹಾಕಿದರೆ ಅವನು ಗೆಳೆಯನ ಫೋನಿನಲ್ಲಿ ಆಡುತ್ತಾನೆ. ಆ ವಯಸ್ಸಿನಲ್ಲಿ ಮಾತನಾಡಿ ಒಪ್ಪಂದಕ್ಕೆ ಬರುವುದೇ ಹೆಚ್ಚು ಕೆಲಸ ಮಾಡುತ್ತದೆ.

ಸಿಟ್ಟು ಬಂದು ಎಲ್ಲಾ ಆಪ್‌ನದ್ದೂ ಆಫ್ ಮಾಡಿದೆ. ಮಳೆಗೆ ಶಾಲೆಗೆ ರಜೆ ಅಂತ ಗೊತ್ತಾಗಲೇ ಇಲ್ಲ. ಯಾವುದೆಲ್ಲ ಆನ್ ಇರಬೇಕು?

ನಮ್ಮ ಎರಡೂ ಜಿಲ್ಲೆಗಳಲ್ಲಿ ಜೂನ್, ಜುಲೈ ತಿಂಗಳಿನಲ್ಲಿ ಇದು ನಿಜವಾದ ತೊಂದರೆ. ಜಿಲ್ಲಾಧಿಕಾರಿಗಳು ರಜೆ ಘೋಷಿಸಿದ ಸುದ್ದಿ ಕೆಲವೊಮ್ಮೆ ರಾತ್ರಿ, ಕೆಲವೊಮ್ಮೆ ಬೆಳಿಗ್ಗೆ ವ್ಯಾನ್ ಬರುವ ಹೊತ್ತಿಗೆ ಶಾಲೆಯ ವಾಟ್ಸಾಪ್ ಗುಂಪಿಗೆ ಬರುತ್ತದೆ. ಮೆಸೇಜಸ್ ಆಪ್, ವಾಟ್ಸಾಪ್, ಬ್ಯಾಂಕ್ ಮತ್ತು ಯುಪಿಐ ಆಪ್‌ಗಳು, ಹವಾಮಾನದ ಆಪ್ ಇದ್ದರೆ ಅದು, ಇಷ್ಟು ಆನ್ ಇರಲಿ. ವಾಟ್ಸಾಪ್‌ನಲ್ಲಿ ಗದ್ದಲದ ಗುಂಪುಗಳನ್ನು ಮಾತ್ರ ಮ್ಯೂಟ್ ಮಾಡಿ, ಶಾಲೆಯ ಗುಂಪನ್ನು ಬಿಡಿ.

ಇನ್ನೊಂದನ್ನು ಯಾವ ಕಾರಣಕ್ಕೂ ಆಫ್ ಮಾಡಬೇಡಿ: ಸೆಟ್ಟಿಂಗ್ಸ್‌ನ ‘ಸೇಫ್ಟಿ ಆಂಡ್ ಎಮರ್ಜೆನ್ಸಿ’ಯಲ್ಲಿರುವ, ವಿಪತ್ತಿನ ಎಚ್ಚರಿಕೆ ಕೊಡುವ ವೈರ್‌ಲೆಸ್ ಎಮರ್ಜೆನ್ಸಿ ಅಲರ್ಟ್ಸ್. 2023ರಲ್ಲಿ ದೂರಸಂಪರ್ಕ ಇಲಾಖೆ ಮತ್ತು ರಾಷ್ಟ್ರೀಯ ವಿಪತ್ತು ನಿರ್ವಹಣಾ ಪ್ರಾಧಿಕಾರ ಇದರ ಪರೀಕ್ಷೆ ನಡೆಸಿದಾಗ ಫೋನುಗಳೆಲ್ಲ ಒಮ್ಮೆಲೇ ಜೋರಾಗಿ ಕೂಗಿದ್ದು ಹಲವರಿಗೆ ನೆನಪಿರಬಹುದು. ಆ ಸದ್ದಿಗೆ ಬೆದರಿ ಆಫ್ ಮಾಡಿದವರಿದ್ದಾರೆ. ಮಲ್ಪೆಯ ಬಂದರಿನಲ್ಲಿ, ಮಂಗಳೂರಿನ ದಕ್ಕೆಯಲ್ಲಿ ದುಡಿಯುವವರ ಮನೆಯಲ್ಲಿ, ನದಿ ದಂಡೆಯ ಮನೆಗಳಲ್ಲಿ ಆ ಸ್ವಿಚ್ ಆನ್ ಇದೆಯೇ ಎಂದು ಇವತ್ತೇ ನೋಡಿ.

## ಹಣದ ಗೇಮ್‌ಗಳು ಮತ್ತು ಇನ್ನಷ್ಟು ಆಳದ ವಿಷಯಗಳು

‘ನಿಮ್ಮ ಖಾತೆಗೆ ಹತ್ತು ಸಾವಿರ ಬೋನಸ್ ಬಂದಿದೆ’ ಅಂತ ಎಸ್ಎಂಎಸ್, ವಾಟ್ಸಾಪ್ ಎಲ್ಲದರಲ್ಲೂ ಬರ್ತದೆ. ನಿಲ್ಲಿಸುವುದು ಹೇಗೆ?

ಮೊದಲನೆಯದಾಗಿ, ಒತ್ತಬೇಡಿ. ಪಣಕ್ಕೆ ಹಣ ಹಚ್ಚಿ ಆಡುವ ಆನ್‌ಲೈನ್ ಗೇಮ್‌ಗಳನ್ನು ನಡೆಸುವುದನ್ನು ಮಾತ್ರವಲ್ಲ, ಅವುಗಳ ಜಾಹೀರಾ‌ತನ್ನೂ ನಿಷೇಧಿಸುವ ಕೇಂದ್ರ ಕಾಯ್ದೆಗೆ 2025ರ ಆಗಸ್ಟ್ 22ರಂದು ರಾಷ್ಟ್ರಪತಿಗಳ ಅಂಕಿತ ಬಿದ್ದಿದೆ. ಜಾಹೀರಾತು ನೀಡುವವರಿಗೆ ಎರಡು ವರ್ಷಗಳವರೆಗೆ ಸೆರೆವಾಸ, 50 ಲಕ್ಷ ರೂಪಾಯಿಯವರೆಗೆ ದಂಡ ಅಥವಾ ಎರಡನ್ನೂ ಅದು ವಿಧಿಸುತ್ತದೆ. ಆದ್ದರಿಂದ ಇಂದು ಇಂಥ ಸಂದೇಶ ಕಳುಹಿಸುವವರು ಕಾನೂನಿಗೆ ಬೆನ್ನು ತಿರುಗಿಸಿದವರು ಎಂದೇ ತಿಳಿಯಿರಿ.

ಎಸ್ಎಂಎಸ್‌ಗಳಿಗೆ: ಇಂಗ್ಲಿಷ್ ಅಕ್ಷರಗಳಲ್ಲಿ ‘ಸ್ಟಾರ್ಟ್’ ಎಂದು ಬರೆದು, ಒಂದು ಜಾಗ ಬಿಟ್ಟು, ಸೊನ್ನೆ ಹಾಕಿ 1909ಕ್ಕೆ ಕಳುಹಿಸಿದರೆ ಎಲ್ಲ ಪ್ರಚಾರದ ಸಂದೇಶಗಳಿಗೂ ತಡೆ ಬೀಳುತ್ತದೆ. ಓಟಿಪಿ ಮತ್ತು ಬ್ಯಾಂಕಿನ ವ್ಯವಹಾರದ ಸಂದೇಶಗಳಿಗೆ ಇದರಿಂದ ಅಡ್ಡಿಯಿಲ್ಲ. ನೋಂದಾಯಿಸಿಕೊಂಡ ಮೇಲೂ ಬಂದರೆ ಅದೇ 1909ಕ್ಕೆ ದೂರು ಕೊಡಬಹುದು. ವಾಟ್ಸಾಪ್‌ನಲ್ಲಿ ಬಂದದ್ದನ್ನು ರಿಪೋರ್ಟ್ ಮಾಡಿ ಬ್ಲಾಕ್ ಮಾಡಿ. ಟೆಲಿಗ್ರಾಂ ಗುಂಪಿಗೆ ಯಾರೋ ಸೇರಿಸಿದ್ದರೆ ಹೊರಬನ್ನಿ, ಮತ್ತು ಗುಂಪುಗಳಿಗೆ ಸೇರಿಸುವ ಅವಕಾಶವನ್ನು ಪ್ರೈವಸಿ ಸೆಟ್ಟಿಂಗ್ಸ್‌ನಲ್ಲಿ ನಿಮ್ಮ ಪರಿಚಿತರಿಗಷ್ಟೇ ಸೀಮಿತಗೊಳಿಸಿ.

ಹಣ ಹೋಗಿಯೇಬಿಟ್ಟಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ. ವಿಷಯ ಬೇಗ ತಿಳಿದಷ್ಟೂ ಹಣವನ್ನು ದಾರಿಯಲ್ಲಿಯೇ ತಡೆಯುವ ಸಾಧ್ಯತೆ ಹೆಚ್ಚು. ಆಡಿದವರು ತಮಗೇ ಶಿಕ್ಷೆಯಾದೀತೆಂದು ಹೆದರಿ ಸುಮ್ಮನಿರುವುದನ್ನು ನೋಡಿದ್ದೇನೆ. ಆ ಕೇಂದ್ರ ಕಾಯ್ದೆ ಗುರಿಯಿಟ್ಟಿರುವುದು ಗೇಮ್ ನಡೆಸುವವರನ್ನು, ಪ್ರಚಾರ ಮಾಡುವವರನ್ನು ಮತ್ತು ಹಣ ಸಾಗಿಸಲು ನೆರವಾಗುವವರನ್ನು. ಮೋಸಹೋದವರು ದೂರು ಕೊಡಲು ಹಿಂಜರಿಯಬಾರದು.

ಐಫೋನಿನ ಕ್ಯಾಲೆಂಡರ್‌ನಲ್ಲಿ ‘ಆಡಿ, ಗೆಲ್ಲಿ’ ಅಂತ ದಿನಾಲೂ ಅಲಾರ್ಮ್ ಬರ್ತದೆ. ಡಿಲೀಟ್ ಮಾಡಿದರೂ ಹೋಗುವುದಿಲ್ಲ.

ಯಾವುದೋ ಪುಟದಲ್ಲಿ ಒತ್ತಿದ್ದರಿಂದ ನಿಮ್ಮ ಫೋನ್ ಅಪರಿಚಿತ ಕ್ಯಾಲೆಂಡರ್ ಒಂದಕ್ಕೆ ಚಂದಾದಾರವಾಗಿದೆ. ಅಂಥ ಒಂದು ಕಾರ್ಯಕ್ರಮವನ್ನು ತೆರೆದರೆ ತಳದಲ್ಲಿ ‘ಅನ್‌ಸಬ್‌ಸ್ಕ್ರೈಬ್ ಫ್ರಂ ದಿಸ್ ಕ್ಯಾಲೆಂಡರ್’ ಎಂದಿರುತ್ತದೆ. ಅದನ್ನು ಒತ್ತಿದರೆ ಆ ಕ್ಯಾಲೆಂಡರ್‌ನ ಎಲ್ಲವೂ ಒಮ್ಮೆಲೇ ಹೋಗುತ್ತವೆ.

ಎಲ್ಲ ಸರಿ ಮಾಡಿದ ಮೇಲೆ ಗೇಮ್ ಅಪ್‌ಡೇಟ್ ಆಯಿತು, ಪುನಃ ಶುರುವಾಯಿತು. ಸ್ವಿಚ್ ಅದಾಗಿಯೇ ಆನ್ ಆಗ್ತದಾ?

ನೀವು ಆಫ್ ಮಾಡಿದ ಸ್ವಿಚ್ಚನ್ನು ಆಪ್ ತಾನಾಗಿ ಆನ್ ಮಾಡಲಾರದು. ಆಂಡ್ರಾಯ್ಡ್ ಅದಕ್ಕೆ ಅವಕಾಶ ಕೊಡುವುದಿಲ್ಲ. ಆಗಿರುವುದು ಬೇರೆ. ನೀವು ಗೇಮ್‌ನ ಮುಖ್ಯ ಸ್ವಿಚ್ ಬಿಟ್ಟು ಒಳಗಿನ ಒಂದೆರಡು ವಿಭಾಗಗಳನ್ನು ಮಾತ್ರ ಆಫ್ ಮಾಡಿದ್ದೀರಿ, ಅಪ್‌ಡೇಟ್‌ನಲ್ಲಿ ಗೇಮ್‌ನವರು ಹೊಸ ಹೆಸರಿನ ಇನ್ನೊಂದು ವಿಭಾಗವನ್ನು ತಂದಿದ್ದಾರೆ. ಹೊಸ ವಿಭಾಗಕ್ಕೆ ನಿಮ್ಮ ಹಳೆಯ ಆಯ್ಕೆ ಅನ್ವಯವಾಗುವುದಿಲ್ಲ, ಅದು ಆನ್ ಆಗಿಯೇ ಬರುತ್ತದೆ. ಪದೇ ಪದೇ ಹೀಗಾದರೆ ಮುಖ್ಯ ಸ್ವಿಚ್ಚನ್ನೇ ಆಫ್ ಮಾಡಿ. ಗೇಮ್ ತೆಗೆದು ಮತ್ತೆ ಹಾಕಿಕೊಂಡರೂ ಹಳೆಯ ಆಯ್ಕೆಗಳು ಅಳಿಸಿಹೋಗುತ್ತವೆ, ಅನುಮತಿಯ ಪೆಟ್ಟಿಗೆ ಹೊಸದಾಗಿ ಬರುತ್ತದೆ.

ಕೆಲವು ಗೇಮ್‌ಗಳು, ಅನುಮತಿ ಸಿಗದಿದ್ದಾಗ, ತಮ್ಮದೇ ಚಿತ್ರದ ಪೆಟ್ಟಿಗೆ ತೋರಿಸಿ ‘ಆನ್ ಮಾಡಿದರೆ ನೂರು ನಾಣ್ಯ’ ಎಂಬಂಥ ಆಮಿಷ ಒಡ್ಡಿ ಸೆಟ್ಟಿಂಗ್ಸ್ ಪುಟಕ್ಕೆ ಕರೆದೊಯ್ಯುತ್ತವೆ. ಸ್ವಿಚ್ ಮತ್ತೆ ಆನ್ ಆಗಿರುವುದು ಕಂಡರೆ ಮಗು ಆ ನಾಣ್ಯಕ್ಕಾಗಿ ಒತ್ತಿರಬಹುದು. ಗದರಿಸದೆ ಕೇಳಿ.

ಜಾಹೀರಾತು ತಡೆಯುವ ಡಿಎನ್‌ಎಸ್ ಹಾಕಿದ್ದೇನೆ. ಆದರೂ ನೋಟಿಫಿಕೇಷನ್ ನಿಲ್ಲಲಿಲ್ಲ. ಯಾಕೆ?

ಡಿಎನ್‌ಎಸ್ ಎಂದರೆ ಇಂಟರ್‌ನೆಟ್ ವಿಳಾಸಗಳನ್ನು ಹುಡುಕಿಕೊಡುವ ವ್ಯವಸ್ಥೆ, ಜಾಹೀರಾತು ತಡೆಯುವಂಥದ್ದು ಜಾಹೀರಾತಿನ ವಿಳಾಸಗಳನ್ನು ಮಾತ್ರ ಮುಚ್ಚುತ್ತದೆ. ಆದರೆ ಆಂಡ್ರಾಯ್ಡ್‌ನಲ್ಲಿ ಸರ್ವರ್‌ನಿಂದ ಬರುವ ನೋಟಿಫಿಕೇಷನ್‌ಗಳು ಸಾಮಾನ್ಯವಾಗಿ ಆಯಾ ಗೇಮ್‌ನ ವಿಳಾಸದಿಂದ ನೇರವಾಗಿ ಬರುವುದಿಲ್ಲ. ಎಲ್ಲ ಆಪ್‌ಗಳವೂ ಗೂಗಲ್‌ನ ಒಂದೇ ಸಂಪರ್ಕದ ಮೂಲಕ ಬರುತ್ತವೆ. ಆ ಸಂಪರ್ಕವನ್ನು ತಡೆದರೆ ವಾಟ್ಸಾಪ್, ಬ್ಯಾಂಕ್ ಆಪ್‌ಗಳ ಸಂದೇಶಗಳೂ ತಡವಾಗುತ್ತವೆ ಅಥವಾ ಬರುವುದೇ ಇಲ್ಲ. ಗೇಮ್‌ನ ಒಳಗಿನ ಜಾಹೀರಾತಿಗೆ ಡಿಎನ್‌ಎಸ್ ಉಪಯೋಗಕ್ಕೆ ಬಂದೀತು, ನೋಟಿಫಿಕೇಷನ್‌ಗೆ ಬರುವುದಿಲ್ಲ.

ಅಂಗಡಿಯವರು ಫ್ಯಾಕ್ಟರಿ ರೀಸೆಟ್ ಮಾಡಿ ಅಂತಾರೆ. ಮಾಡಿಸಲಾ?

ಗೇಮ್ ನೋಟಿಫಿಕೇಷನ್‌ಗಾಗಿ ಮಾತ್ರವಾದರೆ ಬೇಡ. ರೀಸೆಟ್ ಮಾಡಿದರೂ ಫೋನ್ ಕಂಪನಿಯ ಸ್ಟೋರ್ ಮತ್ತು ಲಾಕ್ ಸ್ಕ್ರೀನ್ ಸೇವೆ ಹಾಗೆಯೇ ಮರಳಿ ಬರುತ್ತವೆ, ನೀವು ಅವುಗಳಲ್ಲಿ ಆಫ್ ಮಾಡಿದ್ದೆಲ್ಲ ಮತ್ತೆ ಆನ್ ಆಗಿರುತ್ತದೆ. ಬ್ಯಾಕಪ್‌ನಿಂದ ಆಪ್‌ಗಳನ್ನು ಮರಳಿ ತಂದರೆ ಹಳೆಯ ಗೇಮ್‌ಗಳೂ ಜೊತೆಗೇ ಬರುತ್ತವೆ. ಬ್ಯಾಕಪ್ ಇಲ್ಲದೆ ಮಾಡಿಸಿದರೆ ಫೋಟೋ ಮತ್ತು ವಾಟ್ಸಾಪ್ ಮಾತುಕತೆಗಳು ಹೋಗುತ್ತವೆ. ಸೇಫ್ ಮೋಡ್‌ನಲ್ಲಿಯೂ ಪರದೆ ತುಂಬ ಜಾಹೀರಾತು ಬೀಳುತ್ತಲೇ ಇದ್ದರೆ, ಪ್ಲೇ ಸ್ಟೋರ್‌ನ ‘ಪ್ಲೇ ಪ್ರೊಟೆಕ್ಟ್’ನಿಂದ ಸ್ಕ್ಯಾನ್ ಮಾಡಿಯೂ ಏನೂ ಸಿಗದಿದ್ದರೆ, ಆಗ ಮಾತ್ರ ರೀಸೆಟ್‌ನ ಯೋಚನೆ ಮಾಡಿ. ಮಾಡಿಸುವ ಮೊದಲು ಫೋಟೋ ಮತ್ತು ವಾಟ್ಸಾಪ್‌ನ ಬ್ಯಾಕಪ್ ಪೂರ್ಣವಾಗಿರುವುದನ್ನು ನೀವೇ ತೆರೆದು ನೋಡಿ, ಗೂಗಲ್ ಖಾತೆಯ ಪಾಸ್‌ವರ್ಡ್ ನೆನಪಿದೆಯೇ ಎಂದು ಖಚಿತಪಡಿಸಿಕೊಳ್ಳಿ, ಏಕೆಂದರೆ ಸೆಟ್ಟಿಂಗ್ಸ್‌ನ ಬದಲು ಬೇರೆ ದಾರಿಯಲ್ಲಿ ರೀಸೆಟ್ ಮಾಡಿದ ಫೋನ್ ಆ ಹಳೆಯ ಖಾತೆಯ ಪಾಸ್‌ವರ್ಡ್ ಕೇಳದೆ ಮತ್ತೆ ತೆರೆದುಕೊಳ್ಳುವುದಿಲ್ಲ.